ಹೊಸ್ತಿಲಲ್ಲಿ ಗೆಟ್ ಸೆಟ್

ಮನೆಯಿಂದ,
ಭಾನುವಾರ, ಮಾರ್ಚ್ ಹತ್ತು

ಪ್ರೀತಿಯ ಪುಟ್ಟೀ,

ಕೆಮ್ಮು ಹೇಗಿದೆ? ಬಿಸಿನೀರು ಕುಡಿಯುತ್ತಿದ್ದೀಯೋ, ಇಲ್ಲ ಅಮ್ಮ ಬರೆದಳೆಂದು ಈಗ ಒಂದು ಲೋಟ ಕುಡಿದು ಸುಮ್ಮನಾಗುತ್ತೀಯೋ? ನೀನು ಫೋನ್ ಎತ್ತುವುದಿಲ್ಲವೆಂದು ಹಟ ಹಿಡಿದಿದ್ದಕ್ಕೆ ಕಾಗದ ಬರೆಯಬೇಕಾಯಿತು. ಕಾಗದವನ್ನು ಕಟ್ ಮಾಡಲು ಬರುವುದಿಲ್ಲವಲ್ಲ.

ನಿನ್ನ ಸಿಟ್ಟು ನ್ಯಾಯವೇ. ಅಪ್ಪನಿಗೆ ಪಾರ್ಕಿನ್‌ಸನ್ಸ್ ಎಂದು ಪೇಪರಿನಲ್ಲಿ ಓದಿ ತಿಳಿಯುವ ಗತಿ ಯಾವ ಮಗಳಿಗೂ ಬರಬಾರದು. ನಾನೇ ಹೇಳುತ್ತೇನೆ, ನಾನೇ ಹೇಳುತ್ತೇನೆ ಎಂದು ತಿಂಗಳುಗಟ್ಟಲೆ ನನ್ನ ಬಾಯಿ ಕಟ್ಟಿಹಾಕಿದ ಮನುಷ್ಯ, ಹಳೆಯ ಓಟಗಾರರ ಸನ್ಮಾನದಲ್ಲಿ ಮೈಕ್ ಸಿಕ್ಕಿದ್ದೇ ತಡ, ಊರಿಗೆಲ್ಲ ಹೇಳಿಬಿಟ್ಟರು. ನಾನೂ ಕೆಲವು ದಿನ ಮುಖ ಕೊಟ್ಟು ಮಾತಾಡಲಿಲ್ಲ.

ಆದರೆ ಆ ದಿನ ನಡೆದದ್ದನ್ನು ಪೇಪರಿನವರು ಪೂರ್ತಿ ಬರೆದಿಲ್ಲ. ಈಚೆಗೆ ಬಾಗಿಲು ದಾಟುವಾಗ ನಿಮ್ಮಪ್ಪನ ಕಾಲು ನೆಲಕ್ಕೆ ಅಂಟಿಕೊಂಡುಬಿಡುತ್ತದೆ. ನೂರು ಮೀಟರ್ ಓಡಿ ಪದಕ ತಂದ ಕಾಲು ಅಡುಗೆಮನೆ ಹೊಸ್ತಿಲಲ್ಲಿ ಮುಷ್ಕರ ಹೂಡುತ್ತದೆ. ತಳ್ಳಿದರೆ ಬೀಳುತ್ತಾರೆ. ಹಿಂದೆ ನಿಂತು "ಗೆಟ್ ಸೆಟ್... ಗೋ" ಎಂದು ಕೂಗಿದರೆ ಕಾಲು ಏಳುತ್ತದೆ. ಅದೂ ನಾನು "ಗೋ" ಎನ್ನುವ ಮೊದಲೇ ಹೊರಟಿರುತ್ತಾರೆ! ಫೌಲ್ ಸ್ಟಾರ್ಟ್ ಮಾಡಿ ಪಂದ್ಯದಿಂದ ಹೊರಬೀಳುತ್ತಿದ್ದ ಬುದ್ಧಿ ಈ ವಯಸ್ಸಿಗೂ ಹೋಗಿಲ್ಲ. ಸನ್ಮಾನದ ದಿನ ವೇದಿಕೆಯ ಬಾಗಿಲಲ್ಲೂ ಹೀಗೇ ನಿಂತುಬಿಟ್ಟರು. ಸನ್ಮಾನ ಏರ್ಪಡಿಸಿದ್ದ ಸಂಘದ ಕಾರ್ಯದರ್ಶಿಗಳು ಇವರಿಗೆ ನಾಚಿಕೆ ಎಂದುಕೊಂಡು ಕೈ ಹಿಡಿದು ಎಳೆಯತೊಡಗಿದರು. ನನ್ನ ಹಿಂದಿನ ಸಾಲಿನಲ್ಲಿ ಯಾರೋ, "ಬೆಳಗ್ಗೆನೇ ಹಾಕ್ಕೊಂಡು ಬಂದಿದಾರೆ ಕಣ್ರೀ" ಎಂದರು. ಮೈಯೆಲ್ಲ ಉರಿದುಹೋಯಿತು. ಎದ್ದು ನಿಂತು, ತುಂಬಿದ ಸಭೆಯಲ್ಲಿ "ಗೆಟ್ ಸೆಟ್!" ಎಂದು ಕಿರುಚಿದೆ. ಕಾರ್ಯದರ್ಶಿಗಳನ್ನೂ ಎಳೆದುಕೊಂಡು ನಿಮ್ಮಪ್ಪ ಸೀದಾ ಮೈಕಿನ ಮುಂದೆ ಹೋಗಿ ನಿಂತರು. "ಕುಡಿದಿಲ್ಲ ಸ್ವಾಮಿ, ಪಾರ್ಕಿನ್‌ಸನ್ಸ್ ಅಂತ ಕಾಯಿಲೆ. ನನ್ನಂಥೋರು ಹೀಗೆ ನಿಂತುಬಿಟ್ರೆ ಎಳೀಬೇಡಿ, ಕೂಗಿ." ಅಷ್ಟೇ ಭಾಷಣ.

ಈಗ ಶಾಲೆ, ಆಸ್ಪತ್ರೆ, ಬಸ್ ಕಂಡಕ್ಟರುಗಳ ತರಬೇತಿ ಎಂದು ಕರೆದಲ್ಲೆಲ್ಲ ಹೋಗಿ ಅದನ್ನೇ ಹೇಳುತ್ತಾರೆ. ಜೊತೆಗೆ ಹೋಗಿ ಕೂಗಿ ಕೂಗಿ ನನ್ನ ಗಂಟಲು ಕಟ್ಟಿದೆ. ಮನೆಯಲ್ಲಿದ್ದರೂ ನನಗೆ ಕೂತಲ್ಲಿ ಕೂರಲಾಗುವುದಿಲ್ಲ. ಸ್ನಾನಕ್ಕೆ ಹೋದವರು ತುಸು ತಡ ಮಾಡಿದರೆ ಬಾಗಿಲಿಗೆ ಕಿವಿಯಿಟ್ಟು ನಿಂತಿರುತ್ತೇನೆ. ಈ ಕಾಗದ ಮುಗಿಸುವಷ್ಟರಲ್ಲೇ ಎಷ್ಟು ಸಲ ಎದ್ದು ಹೋಗಿ ಬಂದೆನೋ. ಭಯವಾಗುತ್ತದೆ ಪುಟ್ಟೀ. ಯಾರ ಹತ್ತಿರ ಹೇಳಲಿ?

ಹೊತ್ತಿಗೆ ಸರಿಯಾಗಿ ಉಣ್ಣು, ಸಿಟ್ಟನ್ನು ಊಟದ ಮೇಲೆ ತೋರಿಸಬೇಡ. ನಿನ್ನ ರೂಮಿನ ಗೆಳತಿಗೂ ನನ್ನ ನೆನಪು ಹೇಳು. ಇಬ್ಬರೂ ಸುಖವಾಗಿರಿ.

ನಿನ್ನ
ಅಮ್ಮ

ತಾ.ಕ.: ಮುಖ್ಯವಾದದ್ದನ್ನೇ ಬಿಟ್ಟೆ. ಶನಿವಾರ ಈ ಕಾಯಿಲೆಯವರ ಕುಟುಂಬಗಳ ಸಭೆಯಿದೆ. ಮಕ್ಕಳಿಗೆ ವಿಷಯ ತಿಳಿಸುವುದು ಹೇಗೆ ಎಂದು ಇವರು ಮಾತಾಡಬೇಕಂತೆ! "ಯಾವ ಮುಖ ಇಟ್ಕೊಂಡು ಹೋಗ್ಲಿ? ಮೊದ್ಲು ಅವಳಿಗೆ ಹೇಳ್ಬೇಕು" ಎಂದು ಕೂತಿದ್ದಾರೆ. ಶುಕ್ರವಾರ ಸಂಜೆ ಫೋನ್ ಮಾಡುತ್ತಾರೆ, ಎತ್ತು. ಮೊದಲು ಏನೂ ಕೇಳಿಸದಿದ್ದರೆ ಲೈನ್ ಹೋಯಿತೆಂದುಕೊಳ್ಳಬೇಡ. ಅಪ್ಪನೇ ಅದು. ಇಟ್ಟುಬಿಡಬೇಡ ಮಗಳೇ.