ಬಿಡಲ್ಲ ಅಂದದ್ದು

ಮಂಗಳವಾರ, ರಾತ್ರಿ ಎರಡೂವರೆ. ಇವರ ಓದುವ ಕೋಣೆಯ ಬಾಗಿಲಿಗೆ ಒರಗಿ ಕೂತಲ್ಲೇ ಕಣ್ಣು ಹತ್ತಿತ್ತು. ಒಳಗೆ ಗಾಜು ಒಡೆದ ಸದ್ದಿಗೆ ಎಚ್ಚರವಾಯಿತು. ಮಗು ಇವರ ಜೊತೆ ಒಳಗಿದೆ, ಒಳಗಿನಿಂದ ಚಿಲಕ ಹಾಕಿದ್ದಾರೆ.

ಎಲ್ಲ ಒಂದು ಮಾತಿನಿಂದ. ಊಟದ ಹೊತ್ತಿಗೆ "ಹಾಲು ಮುಗೀತು, ಮಗು ಮಲಗ್ತು" ಅನ್ನಲು ಹೋಗಿ "ಹಾಲು ಮಲಗ್ತು, ಮಗು ಮುಗೀತು" ಅಂದುಬಿಟ್ಟೆ. ನಾನೇ ನಕ್ಕೆ. ಇವರು ನಗಲಿಲ್ಲ. ಕಥೆ ಕಾದಂಬರಿಗಳಲ್ಲಿ ಬಾಯಿತಪ್ಪಿದ ಮಾತುಗಳನ್ನೇ ಹೆಕ್ಕಿ, ಮನಸ್ಸಿನ ತಳ ಕಾಣುವುದು ಅಲ್ಲೇ ಎಂದು ವರ್ಷಗಳಿಂದ ಪುಸ್ತಕ ಬರೆಯುತ್ತಿರುವವರು.

"ಬಾಯಿ ತಪ್ಪೋದು ಅಂತ ಇಲ್ಲ ಕಣೇ, ಮನಸ್ಸು ಬಾಯಿ ಬಿಡೋದು" ಎಂದು ನನ್ನ ತಲೆಯನ್ನು ಗೋಡೆಗೆ ಗುದ್ದಿ, ಮಗುವನ್ನು ಎತ್ತಿಕೊಂಡು ಹೋದರು.

ಈಗ ಕತ್ತರಿ ಹಿಡಿದು ಬಾಗಿಲಿಗೆ ಒದ್ದೆ. "ಒಳಗೆ ಬಂದ್ರೆ ಮಗೂನ ಬಿಡಲ್ಲ" ಎಂದು ಕೂಗಿದರು.

ನಿನಗೆ ಕೊಡಲ್ಲ ಅಂತಲೋ, ಉಳಿಸಲ್ಲ ಅಂತಲೋ? ಇವರ ಪುಸ್ತಕದ ಪ್ರಕಾರ ಎರಡೂ ನಿಜ. ಗಾಜಿನ ಸದ್ದಿಗೆ ಅತ್ತ ಮಗು ಈಗ ಅಳುತ್ತಿಲ್ಲ. ನನ್ನ ಫೋನೂ ಒಳಗೇ ಇದೆ. ಅಕ್ಕಾ, ನೀನು ನನ್ನ ಈ ಡೈರಿ ಓದುವುದಿಲ್ಲವೆಂದು ಗೊತ್ತು, ಆದರೂ ಬೆಳಗಾಗುವುದರೊಳಗೆ ಒಂದು ಸಲ ಫೋನ್ ಮಾಡೇ. ಆ ಸದ್ದಿಗಾದರೂ ಅದು ಎದ್ದು ಅತ್ತರೆ ಸಾಕು, ಒಂದೇ ಒಂದು ಸಲ ಅಕ್ಕಾ,