ನಿಂಬೆಹಣ್ಣಿನ ಕಾವಲಿನ ಕಂಪ್ಯೂಟರು

ತಾಲ್ಲೂಕಿನ ಸೇವಾ ಕೇಂದ್ರಗಳ ಉಸ್ತುವಾರಿ ಹೊತ್ತ ಮಾನ್ಯರೇ,

ನನ್ನ ಹೆಂಡತಿ ಸುನಂದಮ್ಮ ತೀರಿಕೊಂಡು ವರ್ಷವಾಗುತ್ತಾ ಬಂತು. ಹೋದ ವಾರ ಅವಳು ಭೇರ್ಯದಲ್ಲಿರುವ ತಂಗಿ ಬಸವಮ್ಮನಿಗೆ ವಾಟ್ಸಾಪ್ ಕಳಿಸಿದ್ದಾಳೆ. ಇದಕ್ಕೆ ಹನಗೋಡಿನ ನಿಮ್ಮ ಕೇಂದ್ರದ ಕಳ್ಳ ತಂತ್ರಾಂಶವೇ ಕಾರಣವೆಂಬುದು ನನ್ನ ದೂರು.

ಸ್ವಲ್ಪ ಸುತ್ತುಬಳಸಾದೀತು, ಸಹಿಸಿಕೊಳ್ಳಿ. ಹೋದ ಆಯುಧಪೂಜೆಯಾದ ಮೇಲೆ ಪಿಂಚಣಿ ಅರ್ಜಿಗೆಂದು ನಾವಿಬ್ಬರೂ ಅಲ್ಲಿಗೆ ಹೋಗಿದ್ದೆವು. ಕಂಪ್ಯೂಟರಿಗೆ ಕುಂಕುಮವಿಟ್ಟು ನಿಂಬೆಹಣ್ಣು ಕಟ್ಟಿತ್ತು. ಪರದೆ ಮಾತ್ರ ಲೈಸೆನ್ಸ್ ಮುಗಿದಿದೆ ಎನ್ನುತ್ತಿತ್ತು. ನಿಮ್ಮ ಆಪರೇಟರ್ ಗೌರೀಶ್ ಪೆನ್‌ಡ್ರೈವಿನಿಂದ, ದುಡ್ಡು ಕಟ್ಟದೆಯೇ ಲೈಸೆನ್ಸಿನ ಬೀಗ ತೆಗೆಯುವ ಆಕ್ಟಿವೇಟರ್ ಎಂಬುದೊಂದನ್ನು ಹಾಕಿದ. ಮೊದಲು ಆಂಟಿವೈರಸ್ ಆಫ್ ಮಾಡು ಎಂದು ಅದು ಕೇಳಿತು, ಮಾಡಿದ. ಆಂಟಿ ಎಂದರೆ ಅಗೇನ್ಸ್ಟ್, ಅಂದರೆ ಕಾವಲು ಎಂದು ಹೆಂಡತಿಗೆ ವಿವರಿಸಿದೆ, ನನ್ನ ಬಿ.ಎ.ಯಲ್ಲಿ ಉಳಿದಿರುವ ಇಂಗ್ಲಿಷು ಅಷ್ಟೇ.

"ಕಾವಲೋನ್ನ ಆಚಿಕ್ ಕಳ್ಸಿ ಬಾಗ್ಲು ತೆಗುದ್ರೆ, ಒಳಿಕ್ ಬರೋರು ಯಾರು ಅಂತ ಎಂಗಪ್ಪಾ ಗೊತ್ತಾಯ್ತದೆ?" ಎಂದಳು.

"ನಿಂಬೆಹಣ್ಣು ಕಟ್ಟಿವ್ನಲ್ಲ ಬುಡವ್ವ. ಎಲ್ಲಾ ಕಡೆ ಇಂಗೇ ಮಾಡದು," ಎಂದು ಗೌರೀಶ್ ನಕ್ಕ.

ನಗುತ್ತಲೇ ಅವಳ ಹೆಬ್ಬೆಟ್ಟು ಒತ್ತಿಸಿಕೊಂಡು ಫೋಟೋ ತೆಗೆದ. ತಲೆ ಮೇಲೆ ಸೆರಗು, ಒಂದು ಕಣ್ಣು ಅರ್ಧ ಮುಚ್ಚಿದೆ. ಆ ಚಿತ್ರ ನಿಮ್ಮ ಕಂಪ್ಯೂಟರಿನಲ್ಲಿ ಬಿಟ್ಟರೆ ಬೇರೆಲ್ಲೂ ಇಲ್ಲ, ನನ್ನ ಬಳಿಯೂ ಇಲ್ಲ. ಬಸವಮ್ಮನ ಫೋನಿಗೆ ಬಂದದ್ದು ಅದೇ ಚಿತ್ರ; ಸೆರಗು, ಕಣ್ಣು ಎಲ್ಲಾ ಹಾಗೇ ಇದೆಯೆಂದು ಅವಳು ನನಗೆ ಫೋನ್ ಮಾಡಿ ಹೇಳಿದಳು.

"ಭಾವ, ಅಕ್ಕನೇ ಕಣ್ ಭಾವ. ಪೋನ್‌ಗೆ ಬಂದಿರೋ ನಂಬ್ರ ಹೇಳು ಅಂತಾವ್ಳೆ. ಹೇಳ್ಬುಡ್ಲಾ?"

ಸತ್ತವಳು ಕೇಳುತ್ತಿದ್ದಾಳೆ, ಹೇಗೆ ಇಲ್ಲವೆನ್ನಲಿ ಎಂಬ ಅಂಜಿಕೆ ಅವಳಿಗೆ. ಆ ನಂಬರು ಹೇಳಿದ್ದರೆ ಅವಳ ಬ್ಯಾಂಕಿನ ದುಡ್ಡು ಹೋಗುತ್ತಿತ್ತು, ಹೇಗೋ ತಡೆದೆ. ಇನ್ನು ಯಾರ ಯಾರ ಮನೆಯ ಸತ್ತವರು ಮಾತಾಡಲಿದ್ದಾರೆ, ಮಾನ್ಯರೇ? ಅರ್ಜಿಯಲ್ಲಿ ಒಂದು ಅಕ್ಷರ ತಪ್ಪಿದರೆ ನಮ್ಮನ್ನು ವಾಪಸು ಕಳಿಸುವ ಕಚೇರಿ ತಾನು ಕದ್ದ ಮಾಲಿನ ಮೇಲೆ ನಡೆಯಬಹುದೇ? ಲೈಸೆನ್ಸಿಲ್ಲದ ತಂತ್ರಾಂಶ ಅಪರಾಧವೆಂಬ ಕಾನೂನು ನಿಮ್ಮ ಹೊಸ್ತಿಲು ದಾಟುವುದಿಲ್ಲವೇ? ಆ ಆಕ್ಟಿವೇಟರನ್ನು ಪುಕ್ಕಟೆ ಹಂಚುವ ಪುಣ್ಯಾತ್ಮನಿಗೆ ಏನು ಲಾಭ ಎಂದು ನಿಮ್ಮಲ್ಲಿ ಒಬ್ಬರೂ ಯೋಚಿಸಲಿಲ್ಲವೇ?

ದೂರು ಕೊಡಲು ಮೊದಲು ಆ ಕೇಂದ್ರಕ್ಕೇ ಹೋದೆ. ಗೌರೀಶ್ ಅದನ್ನು ಅದೇ ಕಂಪ್ಯೂಟರಿನಲ್ಲಿ ದಾಖಲಿಸಿದ. ನಿಂಬೆಹಣ್ಣು ಒಣಗಿ ಕಪ್ಪಾಗಿತ್ತು. ದೂರುದಾರನ ಗುರುತು ಬೇಕೆಂದು ಹೆಬ್ಬೆಟ್ಟು ಒತ್ತಿಸಿಕೊಂಡು, "ಇತ್ಲಾಗ್ ನೋಡಿ ಯಜಮಾನ್ರೇ" ಎಂದು ಫೋಟೋ ತೆಗೆದೇಬಿಟ್ಟ.

ಆ ಕಂಪ್ಯೂಟರಿನ ತಂತಿಯನ್ನು ಇವತ್ತೇ ಕೀಳಿಸಿ. ಯಾರ ಯಾರ ಗುರುತು ಅದರೊಳಗಿತ್ತೆಂದು ಊರೂರಿಗೆ ಮೈಕಿನಲ್ಲಿ ಸಾರಿಸಿ. ಸುನಂದಮ್ಮನ ಚಿತ್ರದ ಒಂದು ಪ್ರತಿ ನನಗೆ ಕೊಟ್ಟು, ಉಳಿದದ್ದನ್ನು ಅಳಿಸಿ.

ಇನ್ನು ನನ್ನ ಹೆಸರಲ್ಲಿ ಏನೇ ಬಂದರೂ ನಂಬಬೇಡ ಎಂದು ನಿನ್ನೆ ಬಸವಮ್ಮನಿಗೆ ಫೋನ್ ಮಾಡಿ ಹೇಳಿದೆ. ಅದಕ್ಕವಳು, "ಅಂಗಾರೆ ಈಗ ಮಾತಾಡ್ತಿರದು ಯಾರು?" ಎಂದಳು.

ಇಂತಿ,
ಸದ್ಯಕ್ಕಿನ್ನೂ ನಾನೇ ಆಗಿರುವ
ಚಲುವಯ್ಯ, ಹನಗೋಡು