ನೀಲಾ ನಿಮ್ಮಲ್ಲೇ ಇರಲಿ

ಶಿಕಾರಿಪುರ
14-3-1958

ಸೊರಬದ ಅತ್ತೆ ಹಾಲಮ್ಮನವರಿಗೆ ಮಹಾದೇವಮ್ಮ ಮಾಡುವ ಶರಣು.

ಮಗಳು ನೀಲಾಳನ್ನು ನನ್ನ ವಶಕ್ಕೆ ಕೊಡಿಸಬೇಕೆಂದು ಮೂರು ವರ್ಷದ ಹಿಂದೆ ಹಾಕಿದ್ದ ಅರ್ಜಿಯನ್ನು ನಿನ್ನೆ ವಾಪಸ್ ತೆಗೆದುಕೊಂಡೆ. ವಕೀಲರು ಬೇಡವೆಂದರು, ನಾನು ಕೇಳಲಿಲ್ಲ. ಇನ್ನು ನೀವು ಕೋರ್ಟಿಗೆ ಅಲೆಯುವುದು ಬೇಡ.

ಕಳೆದ ವಾಯಿದೆಯ ದಿನ ಅವಳು ನನ್ನನ್ನು ನೋಡಿ, "ಈಯಮ್ಮ ಯಾರಜ್ಜಿ?" ಎಂದು ನಿಮ್ಮ ಸೆರಗು ಹಿಡಿದಳು. "ನಿನ್ನ ಹೆತ್ತವ್ವ ಕಣೇ, ಹೋಗಿ ಮಾತಾಡ್ಸು" ಅಂದ್ರಿ ನೀವು. ನಿಮ್ಮ ಮಗ ತೀರಿದ ಮೇಲೆ ಮರುಮದುವೆಯಾದವಳು ನಾನು. ಬೇರೆ ಯಾರೇ ಆಗಿದ್ದರೂ 'ಬಿಟ್ಟು ಹೋದವಳು' ಎನ್ನುತ್ತಿದ್ದರು. ನೀವು ಅನ್ನಲಿಲ್ಲ. ಅವಳು ನಿಮ್ಮಲ್ಲೇ ಬೆಳೆಯಲಿ.

ಶೀತವಾದರೆ ಅವಳಿಗೆ ಕಿವಿ ಸೋರುತ್ತದೆ, ಹತ್ತಿ ಇಡಿ. ಬೇಸಿಗೆ ರಜೆಯಲ್ಲಿ ಎರಡು ದಿನ ಕರೆದುಕೊಂಡು ಬನ್ನಿ. ಇದನ್ನು ಯಾವ ಕಾಗದದಲ್ಲೂ ಬರೆಸಿಲ್ಲ ಅತ್ತೆ, ಕೇಳಿಕೊಳ್ಳುತ್ತಿದ್ದೇನೆ.

ನಿಮ್ಮ
ಮಹಾದೇವಮ್ಮ